ಪೂವಮ್ಮನ ಕೈ

ದೀಕ್ಷಾ, ಮೋನಿಶ್, ಹೋದ ತಿಂಗಳು ಬೆಲ್ಟು ಕಟ್ಟಲು ಹೋದ ನಿಮ್ಮ ಅಪ್ಪನ ಕೈಗೆ ನಮ್ಮ ನಾಯಿ ಬ್ರೂನೋ ಬಾಯಿ ಹಾಕಿತಲ್ಲ, ಆವತ್ತು ನೀವೆಲ್ಲ ಸೇರಿ ಅದಕ್ಕೆ ಕೊಬ್ಬು ಬಂದಿದೆ, ಯಾರಿಗಾದರೂ ಕೊಟ್ಟುಬಿಡೋಣ ಅಂದಿರಿ. ನಾನು ಅದರ ಎಡಗಿವಿ ನೋಡಿಸಿ ಅಂದೆ. ಡಾಕ್ಟರು ನೋಡಿದರೆ ಒಳಗೆ ಕೀವು ತುಂಬಿತ್ತು. ಅಜ್ಜಿಗೆ ಹೇಗೆ ಗೊತ್ತಾಯಿತು ಎಂದು ನಿಮಗೆ ಆಶ್ಚರ್ಯ. ಅದರಲ್ಲಿ ಆಶ್ಚರ್ಯ ಏನೂ ಇಲ್ಲ. ಕೆಲವು ದಿನಗಳಿಂದ ಅದು ಬಲಮಗ್ಗುಲಿಗೇ ಮಲಗುತ್ತಿತ್ತು, ತಲೆ ವಾಲಿಸಿಕೊಂಡು ನಡೆಯುತ್ತಿತ್ತು. ನೋಡಿದವರಿಗೆ ಕಾಣುತ್ತದೆ. ಆ ಸಂಜೆ ಬಂದ ನೆಂಟರ ಮುಂದೆ ದೀಕ್ಷಾ ಹೇಳಿದಳು, ನಮ್ಮ ಅಜ್ಜಿ ತುಂಬಾ ಸಾಧು, ಅವರಿಗೆ ನಾಚಿಕೆ ಜಾಸ್ತಿ, ಕೋಪ ಅನ್ನುವುದೇ ಗೊತ್ತಿಲ್ಲ ಎಂದು. ನೆಂಟರು ತಲೆಯಾಡಿಸಿದರು. ನಾನು ಖಾಲಿ ಲೋಟಗಳನ್ನು ಎತ್ತಿಕೊಂಡು ಒಳಗೆ ಹೋದೆ. ಎದುರು ಕೂತು ಹೇಳಲು ನನಗೆ ಬರುವುದಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ನನಗೆ ಕೋಪ ಗೊತ್ತು. ಲಂಗ ತೊಡುವ ವಯಸ್ಸಿನಲ್ಲಿ ಬಂದ ಒಂದು ಕೋಪ ಇನ್ನೂ ನನ್ನೊಳಗೆ ಇದೆ. ನಿಮ್ಮ ತಾತ ಬದುಕಿರುವಾಗ ಅವರಿಗೂ ಇದನ್ನು ಪೂರ್ತಿ ಹೇಳಲಿಲ್ಲ.

ನನ್ನ ತವರುಮನೆ ಮೂರ್ನಾಡಿನಿಂದ ಒಳಗೆ, ಗದ್ದೆಬಯಲಿನ ಮೇಲಿನ ದಿಣ್ಣೆಯಲ್ಲಿತ್ತು. ಆಗ ಕೊಡಗು ಇನ್ನೂ ಮೈಸೂರಿಗೆ ಸೇರಿರಲಿಲ್ಲ. ಸರಕಾರ ಅಂದರೆ ನಮಗೆ ಮಡಿಕೇರಿಯೇ. ಮನೆಯ ಯಜಮಾನ ನನ್ನ ಅಜ್ಜ, ಅವನ ಪಕ್ಕದಲ್ಲಿ ಅಜ್ಜಿ. ನನ್ನ ಅಪ್ಪ ದೊಡ್ಡ ಮಗ, ನೆಲ್ಯಹುದಿಕೇರಿ ಕಡೆಯ ಎಸ್ಟೇಟಿನಲ್ಲಿ ಲೆಕ್ಕ ಬರೆಯುವ ರೈಟರಾಗಿದ್ದವನು, ಭಾನುವಾರ ಮಾತ್ರ ಮನೆಗೆ ಬರುತ್ತಿದ್ದ. ಚಿಕ್ಕಪ್ಪ ಮನೆಯಲ್ಲೇ ಇದ್ದು ಗದ್ದೆ, ಕಾಫಿ ನೋಡಿಕೊಳ್ಳುತ್ತಿದ್ದ. ಅವನ ಹೆಂಡತಿ ಪೂವಮ್ಮ ನನ್ನ ಚಿಕ್ಕವ್ವ. ಮನೆಯ ಮುಂಭಾಗ ಗಂಡಸರದು: ಕಂಬಗಳ ಜಗಲಿ, ಗೋಡೆಯಲ್ಲಿ ಕೋವಿ, ಕಡವೆಯ ಕೊಂಬು, ಅಜ್ಜ ಕೂರುವ ಕಟ್ಟೆ. ಹಿಂಭಾಗ ನಮ್ಮದು: ಅಡುಗೆಮನೆ, ಸೌದೆ ಕೊಟ್ಟಿಗೆ, ಬಾವಿ. ನಡುವೆ ಕತ್ತಲ ಕೋಣೆ, ಅದರಲ್ಲಿ ಭತ್ತ ತುಂಬಿಡುವ ಆಳೆತ್ತರದ ಮರದ ಪತ್ತಾಯ. ಜಗಲಿಯಲ್ಲಿ ಆಡಿದ ಮಾತು ಅಡುಗೆಮನೆಗೆ ಚೆನ್ನಾಗಿ ಕೇಳುತ್ತಿತ್ತು. ಅಡುಗೆಮನೆಯ ಮಾತು ಜಗಲಿಗೆ ಕೇಳುತ್ತಿರಲಿಲ್ಲ. ಆ ಮನೆ ಕಟ್ಟಿದವರು ಹಾಗೆಯೇ ಕಟ್ಟಿದ್ದರೋ, ಆಮೇಲೆ ಬಂದವರ ಕಿವಿಗಳೇ ಹಾಗಾದವೋ ನನಗೆ ತಿಳಿಯದು.

ಚಿಕ್ಕವ್ವನ ಕೈ ಬಹಳ ಸಣ್ಣದು. ನನ್ನ ಕೈಗಿಂತ ಸ್ವಲ್ಪವೇ ದೊಡ್ಡದು. ಕಿರಿದಾದ ಬಾಯಿಯ ಭರಣಿಯಿಂದ ಉಪ್ಪಿನಕಾಯಿ ತೆಗೆಯುವುದು, ಹಿತ್ತಾಳೆ ಬಿಂದಿಗೆಯ ಒಳಗೆ ಹುಣಸೆಹಣ್ಣು ಹಚ್ಚಿ ತಿಕ್ಕುವುದು ಅವಳ ಪಾಲಿನ ಕೆಲಸ. ಮದುವೆಯಾಗಿ ಬಂದ ವರ್ಷವೇ ಕೆಂಪಿ ಎಂಬ ಹಸುವಿಗೆ ಕರು ಅಡ್ಡ ಸಿಕ್ಕಿಕೊಂಡಾಗ ಕೈಗೆ ಹರಳೆಣ್ಣೆ ಹಚ್ಚಿಕೊಂಡು ಒಳಗೆ ತೂರಿಸಿ, ಕರುವಿನ ಕಾಲು ಹಿಡಿದು ತಿರುಗಿಸಿದಳಂತೆ. ಆಮೇಲೆ ಸುತ್ತಲಿನ ಮನೆಗಳಿಂದಲೂ ಕರೆ ಬರುತ್ತಿತ್ತು. ನಮ್ಮ ಮನೆಯಲ್ಲಿ ಅವಳನ್ನು ಕರೆಯುವಾಗ ಪೂವಮ್ಮ ಬರಲಿ ಎನ್ನುತ್ತಿರಲಿಲ್ಲ, ಪೂವಮ್ಮನ ಕೈ ಬರಲಿ ಎನ್ನುತ್ತಿದ್ದರು. ಕತ್ತಿ ತಾ, ಹಗ್ಗ ತಾ ಎನ್ನುವ ಹಾಗೆ. ಅವಳು ಅದಕ್ಕೂ ನಗುತ್ತಿದ್ದಳು. ಕೈ ಒರೆಸಿಕೊಳ್ಳುತ್ತಾ ನನ್ನ ಕಡೆ ತಿರುಗಿ, ನಮ್ಮ ಅರೆಭಾಷೆಯಲ್ಲಿ ಹೇಳುತ್ತಿದ್ದಳು:

"ಕೈ ಮಾತ್ರ ಸಾಕಂತೆ ಕುಞಿ. ಮಿಕ್ಕದ್ನ ಇಲ್ಲೇ ಒಲೆ ಹತ್ರ ಇಟ್ಟಿಕ್ಕಿ ಹೋನೆ, ನೋಡಿಕೊ." ಕುಞಿ ಅಂದರೆ ಮಗು, ಹೋನೆ ಅಂದರೆ ಹೋಗುತ್ತೇನೆ.

ಅಜ್ಜನ ನಾಯಿಯ ಹೆಸರು ದೂಮ. ಹೊಗೆಯ ಬಣ್ಣ, ನೀಳ ಕಾಲು. ಬೇಟೆಯಲ್ಲಿ ಹಂದಿಯನ್ನು ತಡೆದು ನಿಲ್ಲಿಸುವ ನಾಯಿ ಎಂದು ಮೂರ್ನಾಡಿನವರೆಗೂ ಹೆಸರಿತ್ತು. ಬೇಟೆಯ ಮಾಂಸ ಪಾಲು ಮಾಡುವಾಗ ಗುಂಡು ಹೊಡೆದವನಿಗೆ ಒಂದು ಪಾಲು, ಕಾಡಿನಿಂದ ಪ್ರಾಣಿ ಎಬ್ಬಿಸಿ ಅಟ್ಟುವ ಸೋವಿನವರಿಗೆ ಪಾಲು, ನಾಯಿಗೂ ಒಂದು ಪಾಲು. ಇದು ನಮ್ಮಲ್ಲಿ ಕಟ್ಟುನಿಟ್ಟು. ದೂಮನ ಪಾಲನ್ನು ಅಜ್ಜ ಬಾಳೆಲೆಯಲ್ಲಿ ಬೇರೆಯಾಗಿ ತರುತ್ತಿದ್ದ. ಅಷ್ಟು ಮಾಂಸ ಕೊಯ್ದು, ಖಾರ ಅರೆದು, ಕಡುಬು ಕಟ್ಟಿ, ಕಣ್ಣು ಕೆಂಪಾಗುವವರೆಗೆ ಹೊಗೆ ಕುಡಿದ ಹೆಂಗಸರಿಗೆ ಪಾಲು ಎಂದು ಇರಲಿಲ್ಲ, ಉಳಿದದ್ದು ಇತ್ತು. ನಾನು ದೂಮನನ್ನು ದೂರುತ್ತಿಲ್ಲ. ಅದಕ್ಕೆ ಎರಡು ಹೊತ್ತು ಗಂಜಿ ಹಾಕುವುದು ನನ್ನ ಕೆಲಸವಾಗಿತ್ತು, ಆ ಮನೆಯಲ್ಲಿ ಚಿಕ್ಕವ್ವನನ್ನು ಬಿಟ್ಟರೆ ನನ್ನ ಜೊತೆ ಹೆಚ್ಚು ಹೊತ್ತು ಇದ್ದದ್ದು ಅದೇ. ಅದು ಹೇಗೆ ಕೂರುತ್ತದೆ, ಯಾವ ಸದ್ದಿಗೆ ಯಾವ ಕಿವಿ ಎತ್ತುತ್ತದೆ, ಎಲ್ಲ ನನಗೆ ಬಾಯಿಪಾಠ.

ಆ ವರ್ಷ ಜಡಿಮಳೆಯ ಕಕ್ಕಡ ತಿಂಗಳಲ್ಲಿ, ನಾಟಿಯ ನಡುವೆ, ಹಾಡುಹಗಲೇ ಒಂದು ನರಿ ನಮ್ಮ ಅಂಗಳಕ್ಕೆ ಬಂತು. ಜನ ಕೂಗಿದರೂ ಹೆದರಲಿಲ್ಲ. ಕೋಳಿಗಳ ಕಡೆ ತಿರುಗಿಯೂ ನೋಡದೆ ನೆಟ್ಟಗೆ ನಡೆದು ಬಂದು ದೂಮನ ಮೇಲೆ ಬಿತ್ತು. ದೂಮ ಅದನ್ನು ಕೆಡವಿ ಓಡಿಸಿತು, ಆದರೆ ದೂಮನ ತುಟಿ ಹರಿಯಿತು. ಜಗಲಿಯಲ್ಲಿ ತಿಂಗಳಿಡೀ ಅದೇ ಕತೆ, ನಮ್ಮ ದೂಮ ನರಿಯನ್ನು ಅಟ್ಟಿದ್ದು. ಕೋಳಿಗೆ ಆಸೆಪಡದ ನರಿ, ಜನರಿಗೆ ಹೆದರದ ನರಿ ಎಂಥ ನರಿ ಎಂದು ಒಬ್ಬನಾದರೂ ಕೇಳಲಿಲ್ಲ. ಅವ್ವ, ಅಂದರೆ ನನ್ನ ತಾಯಿ, ಬಾವಿಕಟ್ಟೆಯಲ್ಲಿ ಕೇಳಿದಳು. ಆದರೆ ಬಾವಿಕಟ್ಟೆ ಹಿಂಭಾಗದಲ್ಲಿತ್ತು.

ನಾಟಿ ಮುಗಿದ ಮೇಲಿನ ಆಯುಧಪೂಜೆಯ ಹಬ್ಬ ಕೈಲ್ ಮುಹೂರ್ತ ಬಂತು. ಕೋವಿಗಳನ್ನು ತೊಳೆದು, ಬಾಯಿಗೆ ಕೆಂಪು ಹಳದಿ ತೋಕ್ ಹೂ ಸಿಕ್ಕಿಸಿ ಪೂಜೆ ಮಾಡಿದರು. ಮರುದಿನ ಬೇಟೆ, ಹಂದಿ ಬಿತ್ತು, ದೂಮನಿಗೆ ಪಾಲು ಬಂತು. ಅದಾಗಿ ಎರಡು ಮೂರು ದಿನಕ್ಕೆ ದೂಮ ಬೇರೆಯೇ ನಾಯಿಯಾಯಿತು. ಕರೆದರೆ ಬರಲಿಲ್ಲ. ಪತ್ತಾಯದ ಅಡಿಯ ಕತ್ತಲಿಗೆ ನುಗ್ಗಿ ಮಲಗಿತು. ಎಂದೂ ಇಲ್ಲದೆ ಮರದ ಚೂರು, ಕಲ್ಲು ಅಗಿಯಿತು. ವಾಸಿಯಾಗಿದ್ದ ತುಟಿಯನ್ನು ಗೋಡೆಗೆ ಉಜ್ಜಿ ಉಜ್ಜಿ ಮತ್ತೆ ರಕ್ತ ಮಾಡಿಕೊಂಡಿತು. ಬೊಗಳಿದರೆ ಬೊಗಳು ಕೊನೆಯಲ್ಲಿ ಊಳಾಗಿ ಹೋಗುತ್ತಿತ್ತು, ಬೇರೆ ಯಾರದೋ ಗಂಟಲು ಅದರೊಳಗೆ ಇಟ್ಟ ಹಾಗೆ. ಆಮೇಲೆ ಕೆಳದವಡೆ ಜೋತುಬಿತ್ತು. ಬಾಯಿ ಮುಚ್ಚಲಾರದು, ಜೊಲ್ಲು ಹಗ್ಗದಂತೆ ಇಳಿಯುತ್ತಿತ್ತು, ನೀರಿಗೆ ಬಾಯಿ ಇಟ್ಟರೆ ನೀರು ಹಾಗೇ ಹೊರಗೆ ಬರುತ್ತಿತ್ತು. ಅಜ್ಜ ಹೊರಗೆ ಎಳೆಸಿ ನೋಡಿ ಒಂದೇ ಮಾತಲ್ಲಿ ತೀರ್ಮಾನ ಮಾಡಿದ.

"ಹಂದಿ ಮೂಳೆ ಗಂಟಲಲ್ಲಿ ಸಿಕ್ಕಿಕಂಡುಟ್ಟು. ಪೂವಮ್ಮನ ಕೈ ಬರಲಿ."

ನಾನು ಅಲ್ಲೇ ನಿಂತಿದ್ದೆ. ಹಿಂದಿನ ವರ್ಷ ದೂಮನಿಗೆ ನಿಜವಾಗಿಯೂ ಮೂಳೆ ಸಿಕ್ಕಿಕೊಂಡಿತ್ತು. ಆಗ ಅದು ಎರಡೂ ಮುಂಗಾಲಿನಿಂದ ಬಾಯಿಯನ್ನು ಕೆರೆದು ಕೆರೆದು, ನೆಲಕ್ಕೆ ಮುಖ ತಿಕ್ಕಿ, ಕುಣಿದು ಒದ್ದಾಡಿತ್ತು. ಈಗ ಕಾಲು ಎತ್ತುತ್ತಲೇ ಇರಲಿಲ್ಲ. ಸುಮ್ಮನೆ ಕೂತಿತ್ತು.

"ಅಜ್ಜಾ, ಮೂಳೆ ಅಲ್ಲ. ಕಾಲಲ್ಲಿ ಬಾಯಿ ಉಜ್ಜುದೇ ಇಲ್ಲೆ. ಹೋದ ಸಲ ಉಜ್ಜಿತ್ತ್."

"ಗೂಡೆಗೆ ನಾಯಿ ಶಾಸ್ತ್ರ ಬೇರೆ," ಎಂದು ಚಿಕ್ಕಪ್ಪ ಹುಡುಗಿ ಆಡಿದ ಮಾತಿಗೆ ನಕ್ಕ. ಅಜ್ಜ ನಗಲಿಲ್ಲ. "ಒಳಗೆ ಹೋಗ್," ಅಂದ.

ಚಿಕ್ಕವ್ವ ಹಿಟ್ಟಿನ ಕೈ ತೊಳೆದುಕೊಂಡು ಬಂದಳು. ಅವಳು ಆಗ ಬಸುರಿ, ಮದುವೆಯಾಗಿ ಬಹಳ ಕಾದ ಮೇಲೆ ನಿಂತದ್ದು. ಅಜ್ಜ ನಾಯಿಯ ತಲೆ ಹಿಡಿದ, ಚಿಕ್ಕಪ್ಪ ಸೊಂಟ ಹಿಡಿದ, ಅವಳು ಬಾಯಿಗೆ ಮೊಣಕೈವರೆಗೆ ಎನ್ನುವ ಹಾಗೆ ಕೈ ತೂರಿಸಿದಳು. ಹುಡುಕಿದಳು. "ಎಂತದೂ ಇಲ್ಲೆ ಮಾವ," ಅಂದಳು. "ಸರೀ ನೋಡ್," ಅಂದ ಅಜ್ಜ. ಮತ್ತೆ ತೂರಿಸಿದಳು. ಹೊರಗೆ ಎಳೆಯುವಾಗ ಹಲ್ಲಿಗೆ ಸಿಕ್ಕಿ ಗಾಜಿನ ಬಳೆ ಒಡೆಯಿತು, ಮಣಿಕಟ್ಟಿನ ಮೇಲೆ ಗೀರು ಎದ್ದಿತು. ದೂಮ ಕಚ್ಚಲಿಲ್ಲ. ಕಚ್ಚಲು ಅದಕ್ಕೆ ದವಡೆಯೇ ಇರಲಿಲ್ಲ. ಅವ್ವ ಗೀರಿಗೆ ಅರಿಶಿನ ಹಚ್ಚಿದಳು. ಚಿಕ್ಕವ್ವ ಒಡೆದ ಬಳೆಯ ಚೂರು ಆರಿಸುತ್ತಾ, ಮೂಳೆ ಹುಡುಕಲು ಹೋಗಿ ಬಳೆ ಕಳೆದುಕೊಂಡೆ, ನಿನ್ನ ಅಜ್ಜನಿಗೆ ಇದೂ ಒಂದು ಬೇಟೆ ಅಂದಳು.

ಅದರ ಮರುದಿನವೇ ದನದ ಡಾಕ್ಟರು ಬಂದರು. ದೂಮನಿಗಾಗಿ ಅಲ್ಲ. ಆ ಕಡೆಯ ದನಗಳಿಗೆ ದೊಡ್ಡ ರೋಗದ ಚುಚ್ಚುಮದ್ದು ಹಾಕಬೇಕಿತ್ತು, ನಮ್ಮ ಅಂಗಳ ದೊಡ್ಡದೆಂದು ಸುತ್ತಲಿನವರೆಲ್ಲ ದನ ಹೊಡೆದುಕೊಂಡು ಅಲ್ಲಿಗೇ ಬಂದಿದ್ದರು. ಡಾಕ್ಟರು ಮೈಸೂರು ಕಡೆಯವರು, ತೆಳ್ಳಗೆ, ಕನ್ನಡಕ. ಸೌದೆ ಕೊಟ್ಟಿಗೆಯ ಕಂಬಕ್ಕೆ ಕಟ್ಟಿದ್ದ ದೂಮನನ್ನು ಕಂಡು ನಡೆಯುತ್ತಿದ್ದವರು ನಿಂತುಬಿಟ್ಟರು. ಹತ್ತಿರ ಹೋಗಲಿಲ್ಲ. ಯಾರೂ ಹೋಗಬೇಡಿ ಅಂದರು. ಜಗಲಿಯಲ್ಲಿ ಕೂತು, ನಾಯಿಯ ಮೇಲಿಂದ ಕಣ್ಣು ತೆಗೆಯದೆ, ಒಂದೊಂದಾಗಿ ಕೇಳತೊಡಗಿದರು. ಅವರ ಮದ್ದಿನ ಪೆಟ್ಟಿಗೆ ಮುಚ್ಚಿಯೇ ಇತ್ತು. ಅವರು ಬರೀ ಕೇಳುತ್ತಿದ್ದರು.

"ಬೊಗಳೋದು ಮೊದಲಿನ ಹಾಗೇ ಇತ್ತಾ?"

"ಬೊಗಳುದಾ ಡಾಕ್ಟ್ರೆ? ಇದರ ಒಂದು ಬೊಗಳಿಗೆ ಹಂದಿ ನಿಂತಲ್ಲೇ ಕಲ್ಲು," ಅಂದ ಅಜ್ಜ.

"ಅದಲ್ಲ ಯಜಮಾನ್ರೆ, ಈ ವಾರದ್ದು ಕೇಳಿದ್ದು. ದನಿ ಬದಲಾಗಿತ್ತಾ?"

ಅಜ್ಜ ಚಿಕ್ಕಪ್ಪನ ಮುಖ ನೋಡಿದ. ಇಬ್ಬರಿಗೂ ಗೊತ್ತಿರಲಿಲ್ಲ. ನಾನು ಒಳಬಾಗಿಲ ಹಿಂದಿನಿಂದ, ಪಾಠ ಒಪ್ಪಿಸುವಾಗಿನ ಶಾಲೆಯ ಕನ್ನಡದಲ್ಲಿ ಹೇಳಿದೆ:

"ಬೊಗಳಲು ಆರಂಭಿಸಿ ಊಳಿಡುತ್ತದೆ."

ಅಂಗಳದಲ್ಲಿದ್ದವರು ಯಾರೋ ನಕ್ಕರು. ಡಾಕ್ಟರು ನಗದೆ ಬಾಗಿಲ ಕಡೆ ತಿರುಗಿದರು. ಕತ್ತಲಲ್ಲಿ ಹೋಗಿ ಕೂರುತ್ತಿತ್ತಾ ಎಂದು ಕೇಳಿದರು. ಹೌದು, ಪತ್ತಾಯದ ಅಡಿ. ತಿನ್ನಬಾರದ್ದು ತಿಂತಾ? ಕಲ್ಲು, ಮರ. ಕಾಲಲ್ಲಿ ಬಾಯಿ ಕೆರೆದುಕೊಳ್ಳುತ್ತಾ? ಇಲ್ಲ. ನಾಯಿ ನರಿ ಏನಾದರೂ ಕಚ್ಚಿತ್ತಾ? ಕಕ್ಕಡದಲ್ಲಿ ಹಗಲು ನರಿ ಬಂದಿತ್ತು, ಕೋಳಿ ಹಿಡಿಯಲಿಲ್ಲ. ನನ್ನ ಬದುಕಿನಲ್ಲಿ ಅಷ್ಟು ಪ್ರಶ್ನೆಗಳನ್ನು ಯಾರೂ ನನಗೆ ಕೇಳಿರಲಿಲ್ಲ, ನನ್ನ ಉತ್ತರಗಳನ್ನು ಅಷ್ಟು ಗಮನ ಕೊಟ್ಟು ಯಾರೂ ಕೇಳಿಸಿಕೊಂಡಿರಲಿಲ್ಲ. ಕೊನೆಗೆ ಅವರು ಹೇಳಿದರು, ಇದು ಹುಚ್ಚುನಾಯಿ ರೋಗ. ಹುಚ್ಚು ಹಿಡಿದ ನಾಯಿ ಓಡಾಡಿ ಕಚ್ಚುತ್ತದೆ ಎಂದೇ ಎಲ್ಲರ ಲೆಕ್ಕ. ಇನ್ನೊಂದು ಬಗೆ ಇದೆ, ಅದು ಹೀಗೆ ಬಾಯಿ ತೆರೆದು ಸುಮ್ಮನೆ ಕೂರುತ್ತದೆ. ಮೂಳೆ ಸಿಕ್ಕಿದೆ ಎಂದುಕೊಂಡು ಜನ ಕೈ ಹಾಕುತ್ತಾರೆ. ಜೊಲ್ಲಿನಲ್ಲೇ ವಿಷ. ಸಣ್ಣ ಗೀರು ಇದ್ದರೂ ಸಾಕು. ಮಡಿಕೇರಿ ದೊಡ್ಡಾಸ್ಪತ್ರೆಗೆ ಹೋಗಿ ಹೊಕ್ಕುಳ ಸುತ್ತ ದಿನಕ್ಕೊಂದು ಸೂಜಿ ಹಾಕಿಸಿಕೊಳ್ಳಬೇಕು, ಹದಿನಾಲ್ಕು. ರೋಗ ಕಾಣಿಸಿಕೊಂಡ ಮೇಲೆ ಮದ್ದೇ ಇಲ್ಲ.

"ಇದರ ಬಾಯಿಗೆ ಕೈ ಹಾಕಿದ್ದು ಯಾರು?"

ಅಂಗಳದ ತುಂಬ ಜನ. ಕೋವಿ ಹಿಡಿದು ಹಂದಿಯ ಎದುರು ನಿಲ್ಲುವ ಯಜಮಾನ ಬಸುರಿ ಸೊಸೆಯ ಕೈಯನ್ನು ನಾಯಿಯ ಬಾಯಿಗೆ ಹಾಕಿಸಿದ ಎಂದು ಅಷ್ಟು ಜನರ ಮುಂದೆ ಹೇಳಬೇಕಿತ್ತು. ಅಜ್ಜ ಹೇಳಲಿಲ್ಲ.

"ನಾವೇ. ನಾನು, ನನ್ನ ಕಿರಿಮಗ."

"ಚಿಕ್ಕವ್ವ," ಅಂದೆ ನಾನು. ಮೆಲ್ಲಗೆ ಅಲ್ಲ. "ಚಿಕ್ಕವ್ವನ ಕೈ."

ಅಜ್ಜ ಎದ್ದು ಬಂದು ಒಳಬಾಗಿಲಿಗೆ ಬೆನ್ನು ಕೊಟ್ಟು ನಿಂತ. ನನಗೆ ಅವನ ಕರಿ ಕೋಟಿನ ಬೆನ್ನು ಬಿಟ್ಟು ಬೇರೇನೂ ಕಾಣಲಿಲ್ಲ.

"ಮಕ್ಕ ಎಂತಾರು ಹೇಳ್ತೊ ಡಾಕ್ಟ್ರೆ. ದನ ನೋಡುವನ ಬನ್ನಿ, ಬಿಸಿಲು ಏರ್ತಾ ಉಟ್ಟು."

ಡಾಕ್ಟರ ಬೂಟಿನ ಸದ್ದು ಮೆಟ್ಟಿಲಿಳಿಯಿತು. ಅವರ ಮೇಲೂ ನನಗೆ ಕೋಪವಿದೆ. ನಾಯಿ ಕತ್ತಲಲ್ಲಿ ಕೂತಿತ್ತಾ, ಯಾವ ಕಾಲು ಎತ್ತಿತು, ಹೇಗೆ ಬೊಗಳಿತು ಎಂದು ಅಷ್ಟು ಚೆನ್ನಾಗಿ ಕೇಳಿ ತಿಳಿದುಕೊಂಡ ಮನುಷ್ಯ, ತನ್ನ ಕಣ್ಣ ಮುಂದೆಯೇ ಒಬ್ಬ ಯಜಮಾನ ಎದ್ದು ಹೋಗಿ ಬಾಗಿಲಿಗೆ ಅಡ್ಡ ನಿಂತನಲ್ಲ, ಅದು ಏನು ಹೇಳುತ್ತದೆ ಎಂದು ಯೋಚಿಸಲಿಲ್ಲ. ಪ್ರಾಣಿಯ ನಡೆ ಓದಿದರು. ಮನುಷ್ಯನ ನಡೆ ಓದಲು ಅವರಿಗೆ ಆ ಹೊತ್ತು ಬೇಕಾಗಿರಲಿಲ್ಲ. ದನಗಳು ಸಾಲಾಗಿ ನಿಂತಿದ್ದವು.

ಆ ಮಧ್ಯಾಹ್ನ ಅಡುಗೆಮನೆಯಲ್ಲಿ ನಡೆದ ಮಾತು ಇದು. ಊಟ ಆಗಿತ್ತು, ಎಲೆ ಎತ್ತಿರಲಿಲ್ಲ. ಚಿಕ್ಕವ್ವ ಕಂಬಕ್ಕೆ ಒರಗಿ ನಿಂತು ಅಜ್ಜಿಗೆ ಹೇಳಿದಳು:

"ಅತ್ತೆ, ನಾನೂ ಮಡಿಕೇರಿಗೆ ಹೋನೆ."

"ಹೊಟ್ಟೆಗೆ ಸೂಜಿ ಅಂತೆ. ಹೊಟ್ಟೆಲಿ ಕುಞಿ ಉಟ್ಟು. ಇಷ್ಟು ವರ್ಷ ಕಾದದ್ದು ಸೂಜಿಗೆ ಕೊಡಿಕಾ? ಬೊತ್ತು," ಅಂದಳು ಅಜ್ಜಿ, ಬೇಡವೇ ಬೇಡ ಎಂದು.

"ಕೈ ಹಾಕಿದ್ದು ನಾನಲ್ಲಾ?"

"ನಾಯಿ ನಿನ್ನ ಕಚ್ಚಿತಾ?"

"ಹಲ್ಲು ತಾಗಿತ್."

"ತಾಗುದು ಬೇರೆ, ಕಚ್ಚುದು ಬೇರೆ."

ಅವ್ವ ಮಧ್ಯೆ ಬಾಯಿ ಹಾಕಿದಳು. ಅತ್ತೆ, ಹಿಡಿದುಕೊಂಡವರೇ ಹೋಗುತ್ತಿದ್ದಾರೆ, ಕೈ ಹಾಕಿದವಳು ಬೇಡವಾ ಎಂದು ಕೇಳಿದಳು. ಅಜ್ಜಿ ಅನ್ನದ ಪಾತ್ರೆಯ ಮುಚ್ಚಳ ಎಸೆದಳು. ಅದು ಉರುಳಿ ಉರುಳಿ ಒಲೆಯ ಹತ್ತಿರ ನಿಂತಿತು. ಅಷ್ಟು ಹೊತ್ತಿಗೆ ಜಗಲಿಯಿಂದ ಅಜ್ಜನ ದನಿ ಬಂತು, ಊರವರ ಮುಂದೆ ಒಂದು ಮಾತು ಆಡಿ ಆಗಿದೆ, ಇನ್ನು ಅದರ ಮೇಲೆ ಮಾತು ಬೇಡ ಎಂದು. ಅಡುಗೆಮನೆಯ ಮಾತು ಆ ಒಂದು ಸಲ ಜಗಲಿಗೆ ಕೇಳಿತು ನೋಡಿ. ಮರುದಿನ ಬೆಳಿಗ್ಗೆ ಅಜ್ಜ, ಚಿಕ್ಕಪ್ಪ ಇಬ್ಬರೂ ಅಕ್ಕಿ, ಬದಲು ಬಟ್ಟೆ ಕಟ್ಟಿಕೊಂಡು ಮಡಿಕೇರಿ ಬಸ್ಸು ಹತ್ತಿದರು. ಅಲ್ಲಿ ನೆಂಟರ ಮನೆಯಲ್ಲಿ ಉಳಿದು, ಸೂಜಿ ಪೂರ್ತಿ ಹಾಕಿಸಿಕೊಂಡರು. ತಲೆ ಹಿಡಿದವನು ಒಬ್ಬ, ಸೊಂಟ ಹಿಡಿದವನು ಇನ್ನೊಬ್ಬ.

ದೂಮ ಅವರು ಹೊರಡುವ ಮುನ್ನ, ನಸುಕಿನಲ್ಲೇ ಸತ್ತಿತ್ತು. ಡಾಕ್ಟರು ಹೇಳಿದಂತೆ ಆಳವಾಗಿ ಗುಂಡಿ ತೋಡಿಸಿ ಹಲಸಿನ ಮರದ ಕೆಳಗೆ ಹೂಳಿದರು. ಅಜ್ಜ ತಲೆವಸ್ತ್ರ ತೆಗೆದು ಕಣ್ಣೊರೆಸಿಕೊಂಡ. ಅವನು ಅತ್ತದ್ದನ್ನು ನಾನು ನೋಡಿದ್ದು ಅದೊಂದೇ ಸಲ. ಆಮೇಲೆ ಅಳಬೇಕಾದ ದಿನ ಬಂದಿತು, ಅವನು ಅಳಲಿಲ್ಲ.

ಗಂಡಸರಿಲ್ಲದ ಆ ದಿನಗಳಲ್ಲಿ ಅವ್ವ ಒಂದು ಉಪಾಯ ಇಟ್ಟುಕೊಂಡಿದ್ದಳು. ಭಾನುವಾರ ಅಪ್ಪ ಬರುತ್ತಾನೆ. ಅಪ್ಪ ಓದಿದವನು, ಎಸ್ಟೇಟಿನ ದೊರೆಯ ಹತ್ತಿರ ಇಂಗ್ಲಿಷಿನಲ್ಲಿ ಮಾತಾಡುವವನು, ಕೂಲಿಯವರ ಲೈನಿನಲ್ಲಿ ಯಾರಿಗಾದರೂ ಜ್ವರ ಬಂದರೆ ತಾನೇ ಆಸ್ಪತ್ರೆಗೆ ಕಳಿಸುವವನು. ಅವನೇ ಅವಳನ್ನು ಕರೆದುಕೊಂಡು ಹೋಗಲಿ. ಚಿಕ್ಕವ್ವ ಶನಿವಾರವೇ ಸೀರೆ ಮಡಿಸಿ ಇಟ್ಟಳು. ಭಾನುವಾರ ಅಪ್ಪ ಬಂದ. ಅವ್ವ ಅಕ್ಕಿರೊಟ್ಟಿ ಬಡಿಸುತ್ತಾ ಎಲ್ಲ ಹೇಳಿದಳು. ನಾನು ಅವನ ಮುಖವನ್ನೇ ನೋಡುತ್ತಿದ್ದೆ. ಅವನಿಗೆ ಅರ್ಥವಾಯಿತು. ಅರ್ಥವಾಗದಿದ್ದರೆ ನಾನು ಅವನನ್ನು ಎಂದೋ ಕ್ಷಮಿಸುತ್ತಿದ್ದೆ. ರೊಟ್ಟಿ ಮುರಿಯುವುದು ನಿಲ್ಲಿಸಿ, "ಅಪ್ಪ ಬಂದ ಮೇಲೆ ಕೇಳುವನ," ಅಂದ, ಅಂದರೆ ಅಜ್ಜ ಬಂದ ಮೇಲೆ ಕೇಳೋಣ ಎಂದು. ಅಜ್ಜಿ ಬಾಗಿಲಲ್ಲೇ ನಿಂತಿದ್ದಳು. ಯಜಮಾನ ಇಲ್ಲದಾಗ ಮನೆಯ ಸೊಸೆಯನ್ನು ಗಂಡನ ಅಣ್ಣ ಬಸ್ಸು ಹತ್ತಿಸುವುದು ಯಾವ ಮನೆಯ ಕ್ರಮ ಎಂದಳು. ಅಪ್ಪ ಕೈ ತೊಳೆದು, ಸಂಜೆಯ ಬಸ್ಸಿಗೆ ಎಸ್ಟೇಟಿಗೆ ಹೋದ. ಚಿಕ್ಕವ್ವ ಮಡಿಸಿದ ಸೀರೆಯನ್ನು ಬಿಚ್ಚಿ ಮತ್ತೆ ಗಳುವಿಗೆ ಹಾಕಿದಳು. ಅಳಲಿಲ್ಲ. ನನಗೆ ತಲೆ ಬಾಚಿದಳು, ಎಂದಿಗಿಂತ ಬಿಗಿಯಾಗಿ.

ಗಂಡಸರು ವಾಪಸಾದರು. ಚಿಕ್ಕಪ್ಪ ಮಡಿಕೇರಿಯಿಂದ ಹೆಂಡತಿಗೆ ಹೊಸ ಗಾಜಿನ ಬಳೆ ತಂದಿದ್ದ, ಹಸಿರು, ಒಡೆದುಹೋದದ್ದಕ್ಕೆ ಬದಲು. ಅವನು ಕೆಟ್ಟವನಲ್ಲ. ಆ ಮನೆಯಲ್ಲಿ ಯಾರೂ ಕೆಟ್ಟವರಲ್ಲ ಎಂದು ನನಗೆ ಜೀವನವಿಡೀ ಹೇಳಿದ್ದಾರೆ, ನನಗೆ ಅದನ್ನು ಕೇಳಿ ಕೇಳಿ ಸಾಕಾಗಿದೆ. ಅವರು ವಾಪಸಾದ ಮೇಲಿನ ಭಾನುವಾರ ಅಪ್ಪ ಬಂದು ಕೇಳಿದನಂತೆ. ಅಜ್ಜ, ಇಷ್ಟು ದಿನ ಆಯಿತು, ಏನಾಗಿದೆ, ಇನ್ನೆಂತಕ್ಕೆ ಅಂದನಂತೆ. ಚಿಕ್ಕವ್ವನ ಗೀರು ಮಾಯ್ದಿತ್ತು. ಹೊಟ್ಟೆ ಮುಂದೆ ಬಂದಿತ್ತು. ಭತ್ತ ಬಣ್ಣ ತಿರುಗುತ್ತಿತ್ತು. ಮರೆಯುವುದು ಬಹಳ ಸುಲಭವಾಗಿತ್ತು.

ಹೊಸ ಭತ್ತದ ಹಬ್ಬ ಹುತ್ತರಿಗೆ ಮನೆ ಸಾರಿಸುತ್ತಿದ್ದ ದಿನಗಳಲ್ಲಿ ಅವಳಿಗೆ ಆ ಮಣಿಕಟ್ಟು ಕೆರೆತ ಶುರುವಾಯಿತು. ಮಾಯ್ದ ಗಾಯದ ಜಾಗದಲ್ಲೇ. ಇರುವೆ ಹರಿದ ಹಾಗೆ ಎಂದಳು, ಆಮೇಲೆ ಉರಿ ಎಂದಳು. ಹಸಿರು ಬಳೆಗಳನ್ನು ತೆಗೆದು ಕಿಟಕಿಯಲ್ಲಿ ಇಟ್ಟಳು. ಎರಡು ದಿನ ಮಾತು ಕಡಿಮೆ, ಬೆಳಕು ಬೇಡ. ಒಂದು ಬೆಳಿಗ್ಗೆ ಬಾವಿಕಟ್ಟೆಯಲ್ಲಿ ನೀರು ಸೇದಿ, ಬೊಗಸೆ ತುಂಬಿಕೊಂಡು ಬಾಯಿಯ ಹತ್ತಿರ ತಂದವಳ ಗಂಟಲು ಎಳೆದುಕೊಂಡಿತು, ಕೈ ತಾನಾಗಿ ಕೊಡವಿತು. ಅವಳು ಚೆಲ್ಲಿದ ನೀರನ್ನು ನೋಡಿದಳು, ನನ್ನನ್ನು ನೋಡಿದಳು.

"ಕುಞಿ, ದೂಮನೂ ನೀರ್‌ನ ಹಿಂಗೇ ನೋಡ್ತಿತ್ತಾ?"

"ಇಲ್ಲೆ," ಅಂದೆ.

ಅವಳು ನಂಬಲಿಲ್ಲ. ಆ ನಾಯಿಯನ್ನು ನಿಜವಾಗಿ ನೋಡಿದವರು ಆ ಮನೆಯಲ್ಲಿ ನಾವಿಬ್ಬರೇ. ನಾನು ಓಡಿ ಅವಳನ್ನು ತಬ್ಬಿಕೊಳ್ಳಲು ಹೋದರೆ ಕೈ ಚಾಚಿ ತಡೆದಳು. "ಹತ್ರ ಬರಬೇಡ. ಡಾಕ್ಟ್ರು ಹೇಳಿದ್ದು ನೆನಪಿಲ್ಲೆಯಾ?" ಅಂದಳು. ಅಪ್ಪ ಎಸ್ಟೇಟಿನ ಲಾರಿ ತಂದ. ಆಗ ತಂದ. ಮಡಿಕೇರಿ ಆಸ್ಪತ್ರೆಯವರು ನೋಡಿ, ಮಾಡುವಂಥದ್ದು ಏನೂ ಉಳಿದಿಲ್ಲ ಎಂದರು. ಮುಂದಿನದನ್ನು ನಾನು ಬರೆಯುವುದಿಲ್ಲ. ಅವಳೂ ಹೋದಳು, ಹೊಟ್ಟೆಯಲ್ಲಿದ್ದದ್ದೂ ಹೋಯಿತು. ಸೂಜಿಯಿಂದ ಉಳಿಸಲು ಹೊರಟಿದ್ದ ಕುಞಿ ಅದೇ. ಆ ವರ್ಷ ನಮ್ಮ ಮನೆಯಲ್ಲಿ ಹುತ್ತರಿಯ ಕದಿರು ಕೊಯ್ಯಲಿಲ್ಲ. ಅವಳು ಅರ್ಧ ಸಾರಿಸಿದ್ದ ಗೋಡೆಯ ಉಳಿದರ್ಧವನ್ನು ಆಮೇಲೆ ಅವ್ವ ಸಾರಿಸಿದಳು, ಅವಳ ಬೆರಳಿನ ಗುರುತಿಗೂ ಅವ್ವನ ಬೆರಳಿನ ಗುರುತಿಗೂ ನಡುವೆ ಒಂದು ಗೆರೆ ಬಹಳ ದಿನ ಕಾಣುತ್ತಿತ್ತು.

ಊರಿಗೆ ಹೇಳಿದ್ದು, ಬಸುರಿಗೆ ಸನ್ನಿ ಹಿಡಿಯಿತು ಎಂದು. ಅದೇ ನಿಂತಿತು. ಮರುವರ್ಷ ಅದೇ ಡಾಕ್ಟರು ಮತ್ತೆ ದನ ನೋಡಲು ಬಂದರು. ಅಜ್ಜ ಕಟ್ಟೆಯಲ್ಲಿ ಕೂರಿಸಿ ಕಾಫಿ ತರಿಸಿದ. ತಂದವಳು ನಾನು. ಲೋಟ ಕೊಟ್ಟು, ಹಿಂದೆ ಸರಿಯದೆ ಅಲ್ಲೇ ನಿಂತು ಹೇಳಿದೆ:

"ಚಿಕ್ಕವ್ವ ತೀರಿಕೊಂಡರು. ನೀರು ಕುಡಿಯಲು ಆಗಲಿಲ್ಲ."

"ಯಾವ ಚಿಕ್ಕವ್ವ?"

"ನಾಯಿಯ ಬಾಯಿಗೆ ಕೈ ಹಾಕಿದವರು. ನಾನು ಹೇಳಿದ್ದೆ."

ಅವರು ಕಾಫಿಯನ್ನು ಕೆಳಗಿಟ್ಟರು, ಕುಡಿಯಲಿಲ್ಲ. ಕನ್ನಡಕ ತೆಗೆದು ಬಹಳ ಹೊತ್ತು ಒರೆಸಿದರು. ಅಜ್ಜನನ್ನು ಏನೂ ಕೇಳದೆ ಪೆಟ್ಟಿಗೆ ಎತ್ತಿಕೊಂಡು ಹೊರಟರು. ಅವರು ಮೆಟ್ಟಿಲಿಳಿದ ಮೇಲೆ ಅಜ್ಜ ನನ್ನ ಕೆನ್ನೆಗೆ ಹೊಡೆದ. ನನಗೆ ಆ ಏಟು ನೋಯಲಿಲ್ಲ ಎಂದರೆ ಸುಳ್ಳಾಗುತ್ತದೆ. ನೋಯಿತು. ಆದರೆ ಆವತ್ತಿನ ನಂತರ ಗಂಡಸರು ಕೂತ ಜಗಲಿಯಲ್ಲಿ ನಾನು ಬಾಯಿ ಬಿಡಲಿಲ್ಲ, ಬಿಡದೆ ಬಿಡದೆ ಅದೇ ಅಭ್ಯಾಸವಾಯಿತು, ಮದುವೆಯಾಗಿ ಬಂದಾಗ ಇಲ್ಲಿಯವರು ಹುಡುಗಿಗೆ ನಾಚಿಕೆ ಎಂದರು, ಮಕ್ಕಳು ಅವ್ವ ಸಾಧು ಎಂದರು, ಈಗ ಮೊಮ್ಮಕ್ಕಳು ಕೋಪವೇ ಇಲ್ಲ ಎನ್ನುತ್ತೀರಿ.

ನಿಮ್ಮ ತಾತನ ಮನೆಗೆ ಬಂದ ಮೇಲೆ ನಾನು ಮಾಡಿದ್ದು ಒಂದೇ. ಒದೆಯುವ ಹಸುವನ್ನು ಯಾರಾದರೂ ಹೊಡೆಯಲು ಕೋಲೆತ್ತಿದರೆ ಮೊದಲು ಅದರ ಕೆ​ಚ್ಚಲು ಮುಟ್ಟಿ ನೋಡುತ್ತಿದ್ದೆ, ಬಿಸಿ ಇದೆಯಾ, ಗಂಟು ಇದೆಯಾ ಎಂದು. ಹಿಂಡು ಬಿಟ್ಟು ನಿಂತ ಕೋಳಿ, ಇಳಿಜಾರಿನಲ್ಲಿ ಹೆಜ್ಜೆ ಇಡಲೊಲ್ಲದ ಎತ್ತು, ಕರುವನ್ನು ಹತ್ತಿರ ಸೇರಿಸದ ಎಮ್ಮೆ, ಎಲ್ಲದಕ್ಕೂ ದನದ ಡಾಕ್ಟರನ್ನು ಕರೆಸಿ ಎಂದು ನಿಮ್ಮ ತಾತನಿಗೆ ಚೀಟಿಯಲ್ಲಾದರೂ ಬರೆದು ಕೊಡುತ್ತಿದ್ದೆ. ಜನ ಮೂಕಪ್ರಾಣಿ ಎನ್ನುತ್ತಾರೆ. ಆ ಮಾತು ಕೇಳಿದರೆ ನನಗೆ ಮೈಯೆಲ್ಲ ಉರಿಯುತ್ತದೆ. ದೂಮ ತನಗೆ ಗೊತ್ತಿದ್ದ ಎಲ್ಲ ರೀತಿಯಲ್ಲಿ ಹೇಳಿತ್ತು. ನಾನು ಹೇಳಿದ್ದೆ. ಚಿಕ್ಕವ್ವ ಹೇಳಿದ್ದಳು, ನಾನೂ ಹೋನೆ ಎಂದು, ಬಾಯಿ ಬಿಟ್ಟು, ಕನ್ನಡಕ್ಕೆ ಹತ್ತಿರದ ಒಳ್ಳೆಯ ಅರೆಭಾಷೆಯಲ್ಲಿ. ಮೂಕರು ಯಾರೂ ಇರಲಿಲ್ಲ.

ನನ್ನ ತವರಿನಲ್ಲಿ ಹಲಸಿನ ಮರದ ಕೆಳಗೆ ದೂಮನ ಕಲ್ಲು ಈಗಲೂ ಇದೆ. ಅಜ್ಜ ನಿಲ್ಲಿಸಿದ್ದು. ಕೈಲ್ ಮುಹೂರ್ತದ ದಿನ ಅದಕ್ಕೆ ಒಂದು ತುಂಡು ಮಾಂಸ ಇಡುವುದನ್ನು ಆಮೇಲೆ ಹುಟ್ಟಿದ ನನ್ನ ತಮ್ಮನ ಮಕ್ಕಳು ಇವತ್ತಿಗೂ ತಪ್ಪಿಸಿಲ್ಲ. ಹಿರಿಯರಿಗೆ ಎಡೆ ಇಡುವ ದಿನ ಎಲ್ಲರ ಹೆಸರು ಹೇಳಿ ಕರೆಯುತ್ತಾರೆ, ಅಜ್ಜನದು, ಅಜ್ಜಿಯದು, ಚಿಕ್ಕಪ್ಪನದು, ಆಮೇಲೆ ಬಂದ ಅವನ ಎರಡನೆಯ ಹೆಂಡತಿಯದು. ಮಕ್ಕಳಿಲ್ಲದೆ ಹೋದವಳೆಂದು ಪೂವಮ್ಮನ ಹೆಸರು ಆ ಸಾಲಿನಲ್ಲಿಲ್ಲ. ಅವಳ ಫೋಟೋ ಯಾರೂ ತೆಗೆಸಲಿಲ್ಲ. ಅವಳನ್ನು ಕಂಡವರಲ್ಲಿ ಉಳಿದಿರುವುದು ನಾನೊಬ್ಬಳೇ. ಆದ್ದರಿಂದ ದೀಕ್ಷಾ, ಮೋನಿಶ್, ಅವಳ ಹೆಸರು ಇರುವುದು ಈ ಹಾಳೆಗಳಲ್ಲಿ ಮಾತ್ರ. ನೀವು ದಿನವೂ ತೊಡಲು ತೆಗೆಯುವ ಬಟ್ಟೆಗಳ ನಡುವೆ ಇಡಿ, ಹುಳ ಹತ್ತದಂತೆ ನಾಲ್ಕು ಒಳ್ಳೆಮೆಣಸಿನ ಕಾಳು ಹಾಕಿ. ಮಳೆಗಾಲದಲ್ಲಿ ಒಮ್ಮೆ ಬಿಸಿಲು ಕಂಡಾಗ ಹರವಿ ಒಣಗಿಸಿ. ಶಾಯಿ ಮಾಸಿದರೆ ಅವಳ ಹೆಸರಿನ ಮೇಲೆ ಮತ್ತೆ ಬರೆಯಿರಿ.